ನಾಲ್ಕೂವರೆ ಮೀಟರ್ ಬೆಳಕು

ಫೆಬ್ರವರಿ 11

ಅಣ್ಣಾ,

ಕೈಬರಹ ನೋಡಿಯೇ ಯಾರೆಂದು ನಿನಗೆ ಗೊತ್ತಾಗಿರುತ್ತದೆ. ಐದು ವರ್ಷದ ಮೇಲೆ ಬರೆಯುತ್ತಿರುವುದು ಕೆಲಸವಿದ್ದು, ಪ್ರೀತಿ ಉಕ್ಕಿ ಬಂದು ಅಲ್ಲ. ಅದನ್ನು ಮೊದಲೇ ಹೇಳಿಬಿಡುತ್ತೇನೆ. ಫೋನ್ ಮಾಡಬಹುದಿತ್ತು. ಆದರೆ ನಮ್ಮಿಬ್ಬರ ಫೋನು ಮೂರನೇ ನಿಮಿಷಕ್ಕೆ ಎಲ್ಲಿಗೆ ಹೋಗಿ ನಿಲ್ಲುತ್ತದೆ ಎಂಬುದು ಇಬ್ಬರಿಗೂ ಗೊತ್ತು. ಅಮ್ಮ ಹೋದ ದಿನ ನಾನು ಎಲ್ಲರ ಮುಂದೆ ನಿನಗೆ ಆಡಿದ ಮಾತಿಗೆ ಹೋಗಿ ನಿಲ್ಲುತ್ತದೆ. ಕಾಗದದಲ್ಲಾದರೆ ಯಾರೂ ಯಾರ ಮಾತಿಗೂ ಅಡ್ಡ ಬಾಯಿ ಹಾಕುವುದಿಲ್ಲ.

ವಿಷಯ ಇಷ್ಟೇ. ಮುಂದಿನ ಕೋಣೆಯಲ್ಲಿ ಇವರು ಗಡಿಯಾರ ರಿಪೇರಿ ಮಾಡುವ ಮೇಜಿನ ಪಕ್ಕ ಗೋಡೆಗೆ ಒಂದು ಕಪಾಟಿದೆಯಲ್ಲ, ಬಾಗಿಲಿಲ್ಲದ್ದು, ಐದು ಹಲಗೆಯದ್ದು. ಗಿರಾಕಿಗಳ ಗಡಿಯಾರ, ಮುಳ್ಳು, ಸ್ಕ್ರೂ, ಬ್ಯಾಟರಿ ತುಂಬಿದ ಸಣ್ಣ ಸಣ್ಣ ಡಬ್ಬಿ ಎಲ್ಲ ಇರುವುದು ಅದರಲ್ಲೇ. ಅಲ್ಲಿ ಬೆಳಕು ಸಾಲುತ್ತಿಲ್ಲ. ಇವರಿಗೆ ಕಣ್ಣು ಸ್ವಲ್ಪ ಮಂದವಾಗಿದೆ. ಹಲಗೆಗಳ ಕೆಳಗೆ ಎಲ್‌ಇಡಿ ಸ್ಟ್ರಿಪ್ ಅಂಟಿಸಿದರೆ ಒಳ್ಳೆಯದು ಎಂದು ಆಸ್ಪತ್ರೆಯಲ್ಲಿ ಯಾರೋ ಹೇಳಿದರು. ನಾನೇ ಒಂದು ಸುರುಳಿ ತಂದೆ. ರಿಮೋಟ್ ಒತ್ತಿದರೆ ಕೆಂಪು, ಹಸಿರು, ನೇರಳೆ ಆಗುವಂಥದ್ದು. ಅಂಗಡಿಯವನು ಅದೇ ಚೆನ್ನಾಗಿ ಹೋಗುತ್ತಿದೆ ಎಂದ. ಅಂಟಿಸಿದ ಮೂರನೇ ದಿನ ಅಂಟು ಬಿಟ್ಟು, ಇವರು ಬಗ್ಗಿ ಕೆಲಸ ಮಾಡುತ್ತಿದ್ದಾಗ ಕತ್ತಿನ ಮೇಲೆ ಬಿತ್ತು. ಇವರು ಮೆಲ್ಲಗೆ ತೆಗೆದು ಮಡಚಿ ಪಕ್ಕಕ್ಕಿಟ್ಟರು. ಬೈದಿದ್ದರೆ ಚೆನ್ನಾಗಿತ್ತು.

ಎಂಥದ್ದು ತರಬೇಕು, ಹೇಗೆ ಹಾಕಬೇಕು ಬರೆ. ಎಲೆಕ್ಟ್ರಿಷಿಯನ್‌ನನ್ನು ಕರೆದರೆ ಈ ಚಿಕ್ಕ ಕೆಲಸಕ್ಕೆ ಯಾರೂ ಬರುವುದಿಲ್ಲ. ಬಂದವರು ಇವರನ್ನು ನೂರು ಪ್ರಶ್ನೆ ಕೇಳುತ್ತಾರೆ. ವಾರ್ಡಿನಿಂದ ಬಂದು ನಿಂತೇ ಬರೆಯುತ್ತಿದ್ದೇನೆ, ಕೂತರೆ ಏಳಲಾಗುವುದಿಲ್ಲ.

ನಿನ್ನ ತಂಗಿ


ಫೆಬ್ರವರಿ 24

ತಂಗಿ,

"ನೀನು ಕ್ಷೇಮವೆಂದು ತಿಳಿದು ಸಂತೋಷ" ಎಂದು ಶುರು ಮಾಡಲು ಹೋದೆ. ಮತ್ತೆ ನೋಡಿದರೆ ಕ್ಷೇಮವೆಂದು ನೀನು ಎಲ್ಲೂ ಬರೆದೇ ಇಲ್ಲ.

ಬಣ್ಣ ಬದಲಾಯಿಸುವ ಆ ಸುರುಳಿಯನ್ನು ಯಾರಿಗಾದರೂ ಕೊಟ್ಟುಬಿಡು. ಅದು ಹೋಟೆಲಿನ ಗೋಡೆಗೆ ಸರಿ. ನಾನು ದೀಪ ನೋಡಿಕೊಳ್ಳುವ ಹೋಟೆಲಿನಲ್ಲಿ ಅಂಥದ್ದು ಮುನ್ನೂರು ಮೀಟರ್ ಇದೆ. ದಿನಾ ಒಂದಲ್ಲ ಒಂದು ಕಡೆ ಜೋತು ಬೀಳುತ್ತದೆ, ದಿನಾ ನಾನು ಏಣಿ ಹೊತ್ತುಕೊಂಡು ಹೋಗುತ್ತೇನೆ. ಈಗ ಮಂಡಿ ಕೇಳುವುದಿಲ್ಲ. ಮೂರನೇ ಮೆಟ್ಟಿಲಿನ ಮೇಲೆ ಹತ್ತಬೇಡಿ ಎಂದು ಮ್ಯಾನೇಜರ್ ಹೇಳಿದ್ದಾನೆ. ಇರಲಿ.

ಇದಕ್ಕೆಲ್ಲ ಉತ್ತರ ಬರೆ. ಹಲಗೆ ಮರದ್ದೋ, ಪ್ಲೈವುಡ್ಡೋ? ಒಂದೊಂದು ಎಷ್ಟು ಉದ್ದ, ಎಷ್ಟು ಅಗಲ? ಅಂದಾಜು ಬೇಡ, ಟೇಪು ಹಿಡಿದು ಅಳೆ. ಹತ್ತಿರದ ಪ್ಲಗ್ ಎಷ್ಟು ದೂರ? ಭಾವನವರು ಕೂತು ತೆಗೆಯುತ್ತಾರೋ, ನಿಂತು ತೆಗೆಯುತ್ತಾರೋ? ಮತ್ತೆ, "ಕಣ್ಣು ಸ್ವಲ್ಪ ಮಂದ" ಎಂದರೆ ಏನು? ನೀನು ನರ್ಸು. ರೋಗಿಯ ಚೀಟಿಯಲ್ಲಿ ಹಾಗೆ ಬರೆಯುತ್ತೀಯಾ? ಮುಪ್ಪಿನ ಮಂದಕ್ಕೆ ಒಂಥರ ಬೆಳಕು, ಬೇರೆಯದಕ್ಕೆ ಬೇರೆ ಥರ. ಸುಮ್ಮನೆ ಜಾಸ್ತಿ ಬೆಳಕು ಹಾಕಿದರೆ ಕಣ್ಣಿಗೆ ಹೊಡೆದು ಇದ್ದದ್ದೂ ಕಾಣದ ಹಾಗಾಗುತ್ತದೆ.

ಅಣ್ಣ


ಮಾರ್ಚ್ 9

ಅಣ್ಣಾ,

ಹಲಗೆ ಮರದ್ದು. ಐದೂ ತೊಂಬತ್ತು ಸೆಂಟಿಮೀಟರ್ ಉದ್ದ, ಇಪ್ಪತ್ತೈದು ಅಗಲ. ಪ್ಲಗ್ ಎರಡು ಮೀಟರ್ ದೂರದಲ್ಲಿ, ಮೇಜಿನ ಹಿಂದೆ. ಮೇಲಿನ ಎರಡು ಹಲಗೆಗೆ ನಿಲ್ಲುತ್ತಾರೆ, ಉಳಿದದ್ದಕ್ಕೆ ಕೂತೇ ಕೈ ಚಾಚುತ್ತಾರೆ.

ನಿನ್ನ ಕೊನೆಯ ಪ್ರಶ್ನೆಗೆ ಉತ್ತರ ಬರೆಯಲು ಹತ್ತು ದಿನ ಬೇಕಾಯಿತು. ಎರಡೂ ಕಣ್ಣಿನ ನಡುವಿನ ದೃಷ್ಟಿ ಹೋಗುತ್ತಿದೆ. ನೇರವಾಗಿ ನೋಡಿದ ಜಾಗದಲ್ಲಿ ಬೂದು ಮಚ್ಚೆ, ಸುತ್ತ ಮಾತ್ರ ಕಾಣುತ್ತದೆ. ಎದುರಿಗೆ ನಿಂತರೆ ನನ್ನ ಕಿವಿ ಕಾಣುತ್ತದಂತೆ, ಮುಖ ಇಲ್ಲ. ಹೋದದ್ದು ಹಿಂದೆ ಬರುವುದಿಲ್ಲ, ಉಳಿದದ್ದನ್ನು ಒಳ್ಳೆಯ ಬೆಳಕಿನಲ್ಲಿ ಬಳಸಿಕೊಳ್ಳಿ ಎಂದು ಕಣ್ಣಿನ ಡಾಕ್ಟರು ಹೇಳಿದರು. ಶುರುವಾಗಿ ಒಂದು ವರ್ಷದ ಮೇಲಾಗಿತ್ತಂತೆ. ಒಂದು ವರ್ಷ ಒಂದೇ ಮನೆಯಲ್ಲಿದ್ದೂ ನನಗೆ ಗೊತ್ತಾಗಲಿಲ್ಲ. ಲೋಟ ಮೇಜಿನ ಅಂಚಿನಲ್ಲಿಡುವುದು, ಪೇಪರ್ ಓದುವುದನ್ನು ಬಿಟ್ಟಿದ್ದು, ಎಲ್ಲ ಕಣ್ಣೆದುರೇ ಇತ್ತು. ನಿನಗೆ ನಾನು ಅವತ್ತು ಏನಂದೆ ಎಂಬುದು ನೆನಪಿದೆ. "ಅಮ್ಮನ ಕಾಲು ಅಷ್ಟು ಊದಿದ್ರೂ ನಿಂಗೆ ಕಣ್ಣಿರ್ಲಿಲ್ವಾ" ಅಂದೆ. ಅದಕ್ಕೇ ಇದನ್ನು ನಿನಗೆ ಬರೆಯಲು ಕೈ ಬರಲಿಲ್ಲ.

ಇನ್ನೊಂದಿದೆ. ಇವರು ಈಗಲೂ ಕೆಲಸ ಒಪ್ಪಿಕೊಳ್ಳುತ್ತಾರೆ. "ಬಿಟ್ಟು ಹೋಗಿ, ಮುಂದಿನ ವಾರ ಬನ್ನಿ" ಎನ್ನುತ್ತಾರೆ. ಒಬ್ಬ ಹೆಡ್ ಮಿಸ್ಸು ತಮ್ಮ ತಂದೆಯ ಕೈಗಡಿಯಾರ ಕೊಟ್ಟಿದ್ದರು. ಇವರು ಮುಚ್ಚಳ ತೆಗೆಯುವಾಗ ಡಯಲ್ ಗೀರಿಹೋಯಿತು. ಆಕೆ ಸುಮ್ಮನೆ ತೊಗೊಂಡು ಹೋದರು. ಅದಾದ ಮೇಲೆ ಪ್ರತಿ ವಾರ ಕಪಾಟಿನಿಂದ ನಾಲ್ಕೈದು ಗಡಿಯಾರ ತೆಗೆದು ನನ್ನ ಊಟದ ಚೀಲದಲ್ಲಿ ಹಾಕಿಕೊಳ್ಳುತ್ತೇನೆ. ಪಕ್ಕದ ಬೀದಿಯಲ್ಲಿ ಒಬ್ಬಳು ಗಡಿಯಾರದಂಗಡಿ ಇಟ್ಟಿದ್ದಾಳೆ, ಇಪ್ಪತ್ತು ವರ್ಷದ ಹಿಂದೆ ಇವರ ಹತ್ತಿರವೇ ಕೆಲಸ ಕಲಿತವಳು. ಅವಳಿಂದ ಸರಿಮಾಡಿಸಿ ತಂದು ಅದೇ ಜಾಗದಲ್ಲಿಡುತ್ತೇನೆ. ಗಿರಾಕಿ ಬಂದಾಗ ಇವರು ತೆಗೆದು ಕೊಡುತ್ತಾರೆ. ತಾವೇ ಮಾಡಿದ್ದೆಂದು ಅಂದುಕೊಂಡಿದ್ದಾರೋ ಏನೋ, ನಾನು ಕೇಳಿಲ್ಲ. ಏಳು ತಿಂಗಳಾಯಿತು. ವಾರ್ಡಿನಲ್ಲಿ ಮೂವತ್ತು ಹಾಸಿಗೆ, ಇಲ್ಲಿ ಇದು. ನನಗೆ ಸಾಕಾಗಿದೆ ಅಣ್ಣಾ. ಬೆಳಕು ಬಂದರೆ ಒಂದಿಷ್ಟು ಕೆಲಸವನ್ನಾದರೂ ಇವರೇ ಮಾಡಿಯಾರು ಎಂಬ ಆಸೆ.

ತಂಗಿ


ಮಾರ್ಚ್ 20

ತಂಗಿ,

ಈ ಕಾಗದ ಇಟ್ಟುಕೊ, ಅಂಗಡಿಗೆ ಹೋಗುವಾಗ ತೊಗೊಂಡು ಹೋಗು.

ಇಪ್ಪತ್ನಾಲ್ಕು ವೋಲ್ಟಿನ ಸ್ಟ್ರಿಪ್ ಕೇಳು. ಬಿಡಿಬಿಡಿ ಚುಕ್ಕೆ ಕಾಣುವಂಥದ್ದು ಬೇಡ, ಒಂದೇ ಗೆರೆಯಾಗಿ ಉರಿಯುವಂಥದ್ದು. ಬಣ್ಣ ಹಳದಿಯೂ ಅಲ್ಲ, ನೀಲಿಯೂ ಅಲ್ಲ, ಮಧ್ಯದ ಬಿಳಿ. ಡಬ್ಬದ ಮೇಲೆ ನಾಲ್ಕು ಸಾವಿರ ಎಂದು ಬರೆದಿರುತ್ತದೆ. ನಿನಗೆ ಬೇಕಾದದ್ದು ನಾಲ್ಕೂವರೆ ಮೀಟರ್, ಸುರುಳಿ ಐದರದ್ದು ಬರುತ್ತದೆ. ಮೀಟರಿಗೆ ಹತ್ತು ವಾಟ್ ಎಂದರೆ ನಲವತ್ತೈದು. ಅಡಾಪ್ಟರ್ ಅರವತ್ತರದ್ದು ತೊಗೋ. ಸರಿಯಾಗಿ ನಲವತ್ತೈದರದ್ದೇ ತಂದರೆ ಅದು ದಿನವಿಡೀ ಏದುಸಿರು ಬಿಡುತ್ತಾ ಬೇಗ ಸಾಯುತ್ತದೆ. ಯಾರಿಂದಲೂ ಕೈಲಾದಷ್ಟನ್ನೂ ಪೂರ್ತಿ ತೆಗೆಯಬಾರದು. ಇದು ನಿನಗೂ.

ಸ್ಟ್ರಿಪ್ಪನ್ನು ನೇರ ಮರಕ್ಕೆ ಅಂಟಿಸಬೇಡ. ಅಲ್ಯೂಮಿನಿಯಂ ಪಟ್ಟಿ ಸಿಗುತ್ತದೆ, ಮೇಲೆ ಹಾಲುಬಿಳಿ ಮುಚ್ಚಳ ಇರುವಂಥದ್ದು. ಪಟ್ಟಿಯನ್ನು ಹಲಗೆಗೆ ಸ್ಕ್ರೂ ಹಾಕಿ ಕೂರಿಸಿ, ಅದರೊಳಗೆ ಸ್ಟ್ರಿಪ್ ಹಾಕು. ಬಿಸಿ ಪಟ್ಟಿಗೆ ಹೋಗುತ್ತದೆ, ಬೆಳಕು ಕಣ್ಣಿಗೆ ಚುಚ್ಚುವುದಿಲ್ಲ. ಹಲಗೆಯ ಕೆಳಗೆ ಮುಂದಿನ ಅಂಚಿಗೆ ಹತ್ತಿರ ಕೂರಿಸಿ, ಮುಖ ಹಿಂದಿನ ಗೋಡೆಯ ಕಡೆಗೆ ಇರಲಿ. ಉರಿಯುವ ಗೆರೆ ಭಾವನವರಿಗೆ ಕಾಣಬಾರದು, ಡಬ್ಬಿ ಮಾತ್ರ ಕಾಣಬೇಕು.

ಅವರನ್ನು ಕೇಳಿದೆಯಾ, ಬೆಳಕು ಎಲ್ಲಿ ಬೇಕು ಅಂತ? ಮೂವತ್ತೈದು ವರ್ಷದಲ್ಲಿ ನಾನು ಕಲಿತದ್ದು ಅದೊಂದೇ. ಅಲ್ಲಿ ಕೂರುವವರನ್ನು ಕೇಳದೆ ಹಾಕಿದ ದೀಪವನ್ನು ಆರು ತಿಂಗಳಲ್ಲಿ ಬಿಚ್ಚಬೇಕಾಗುತ್ತದೆ.

ಗಡಿಯಾರದ ವಿಷಯಕ್ಕೆ ನಾನು ಏನೂ ಹೇಳುವುದಿಲ್ಲ. ಬಾಯಿ ಬಿಡದೆ ನಡೆಸಿದ ಒಂದು ಕೆಲಸ ನನ್ನ ಕೈಯಿಂದಲೂ ಆಗಿದೆ.

ಅಣ್ಣ


ಏಪ್ರಿಲ್ 2

ಅಣ್ಣಾ,

ಎಲ್ಲ ತಂದೆ. ಅಂಗಡಿಯವನು ನಿನ್ನ ಕಾಗದ ಓದಿ, "ಬರೆದವರು ಯಾರು ಮೇಡಂ" ಎಂದು ಕೇಳಿದ. ನನ್ನ ಅಣ್ಣ ಎಂದೆ. ಹಾಗೆ ಬಾಯಿಬಿಟ್ಟು ಹೇಳಿ ಬಹಳ ದಿನವಾಗಿತ್ತು.

ಇವರನ್ನು ಕೇಳಿಲ್ಲ. ಕೇಳಿದರೆ "ನಂಗೆ ಕಾಣ್ಸುತ್ತೆ" ಎನ್ನುತ್ತಾರೆ, ಅಲ್ಲಿಗೆ ಮಾತು ಮುಗಿಯುತ್ತದೆ.

ನೀನು ಬಾಯಿ ಬಿಡದ ಆ ಕೆಲಸ ಯಾವುದು? ಅಮ್ಮನ ವಿಷಯವೇ? ಹೌದಾದರೆ ಬರೆ. ಅಲ್ಲವಾದರೆ ಸ್ಟ್ರಿಪ್ ಕತ್ತರಿಸುವುದು ಹೇಗೆಂದಷ್ಟೇ ಬರೆ.

ತಂಗಿ


ಏಪ್ರಿಲ್ 15

ತಂಗಿ,

ಸ್ಟ್ರಿಪ್ಪಿನ ಮೇಲೆ ಅಲ್ಲಲ್ಲಿ ಕತ್ತರಿಯ ಗುರುತು ಇರುತ್ತದೆ, ಎರಡು ಕಡೆ ತಾಮ್ರದ ಪುಟ್ಟ ಬಿಲ್ಲೆ. ಆ ಗುರುತಿನಲ್ಲೇ ಕತ್ತರಿಸು. ಒಂದು ಕೂದಲೆಳೆ ಆಚೀಚೆಯಾದರೂ ಆ ತುಂಡು ಉರಿಯುವುದಿಲ್ಲ. ತೊಂಬತ್ತಕ್ಕೆ ಗುರುತು ಬರದಿದ್ದರೆ ಒಂದು ಗುರುತು ಕಡಿಮೆ ಮಾಡು. ಐದು ತುಂಡನ್ನೂ ಒಂದರ ಬಾಲಕ್ಕೆ ಒಂದನ್ನು ಕಟ್ಟಬೇಡ. ಅಡಾಪ್ಟರಿನಿಂದ ಬರುವ ಎರಡು ವೈರನ್ನು ಕಪಾಟಿನ ಬದಿಯಲ್ಲಿ ಮೇಲಿನಿಂದ ಕೆಳಗೆ ಓಡಿಸಿ, ಪ್ರತಿ ಹಲಗೆಗೂ ಅದರಿಂದಲೇ ಕೊಡು. ಕೆಂಪು ಪ್ಲಸ್ಸಿಗೆ, ಕಪ್ಪು ಮೈನಸ್ಸಿಗೆ. ಕಚ್ಚಿಸುವ ಕ್ಲಿಪ್ಪುಗಳು ಬರುತ್ತವೆ, ಅವನ್ನು ನಂಬಲಾಗದು. ಬೆಸುಗೆಯೇ ಒಳ್ಳೆಯದು.

ಹೌದು, ಅಮ್ಮನ ವಿಷಯ.

ಕಾಲು ಊದಿದ್ದು ನನಗೆ ಕಂಡಿತ್ತು. ಹೋಗುವುದಕ್ಕೆ ಎಂಟು ತಿಂಗಳ ಮುಂಚೆ ಡಾಕ್ಟರ ಹತ್ತಿರ ನಾನೇ ಕರೆದುಕೊಂಡು ಹೋಗಿದ್ದೆ. ಹೃದಯ ಸೋತಿದೆ, ಮಾತ್ರೆಯಲ್ಲಿ ಎಷ್ಟು ದಿನವೋ ಅಷ್ಟು ದಿನ ಎಂದರು. ಹೊರಗೆ ಬಂದು ಆಟೋಕ್ಕೆ ನಿಂತಾಗ ಅಮ್ಮ ನನ್ನ ತೋಳು ಹಿಡಿದುಕೊಂಡು, "ಅವಳಿಗೆ ಹೇಳ್ಬೇಡ ಕಣೋ. ದಿನವೆಲ್ಲಾ ರೋಗಿಗಳನ್ನೇ ನೋಡ್ತಾಳೆ. ನನ್ನ ಹತ್ರ ಬಂದಾಗಾದ್ರೂ ಮಗಳಾಗಿ ಕೂತ್ಕೊಳ್ಲಿ" ಅಂದಳು. ಬೇಡಮ್ಮಾ ಎಂದು ನಾನು ಎರಡು ಸಲ ಹೇಳಿದೆ. ಮೂರನೇ ಸಲ ಹೇಳಲಿಲ್ಲ. ನೀನು ಬರುವ ದಿನ ಅವಳಿಗೆ ಕಾಲುಚೀಲ ಹಾಕುತ್ತಿದ್ದೆ. ಊದಿದ ಕಾಲಿಗೆ ಹತ್ತುತ್ತಿರಲಿಲ್ಲ. ಬಾಯಿ ಕತ್ತರಿಸಿ ಸಡಿಲ ಮಾಡಿ ಹಾಕುತ್ತಿದ್ದೆ. ನೀನು ಹೋದ ಮೇಲೆ ತೆಗೆದು ಕಾಲು ನೀವುತ್ತಿದ್ದೆ.

ನೀನು ಅವತ್ತು ಆ ಮಾತು ಅಂದಾಗ ಹೇಳಿಬಿಡಬಹುದಿತ್ತು. ಅಮ್ಮ ಅಲ್ಲೇ ಮಲಗಿದ್ದಳು. ಅವಳ ಮುಂದೆಯೇ ಅವಳ ಗುಟ್ಟು ಬಿಡಲು ಮನಸ್ಸು ಬರಲಿಲ್ಲ. ಆಮೇಲೆ ಹೇಳದೆ ಇದ್ದದ್ದು ಮಾತ್ರ ನನ್ನ ಹಟ. ತಪ್ಪು ನನ್ನದು ಎಂದುಕೊಂಡೇ ಇರಲಿ ಎಂದು ಬಿಟ್ಟೆ. ಸರಿ ಮಾಡಿದೆನೋ ಇಲ್ಲವೋ ಇವತ್ತಿಗೂ ಗೊತ್ತಿಲ್ಲ.

ಪ್ಲಗ್ ತೆಗೆದೇ ಕೆಲಸ ಮಾಡು.

ಅಣ್ಣ


ಜೂನ್ 3

ತಂಗಿ,

ಏಪ್ರಿಲ್ಲಿನಿಂದ ಉತ್ತರವಿಲ್ಲ. ಬರೆಯಬಾರದಿತ್ತೇನೋ. ಬರೆದದ್ದನ್ನು ಇನ್ನು ವಾಪಸ್ ತರಿಸಿಕೊಳ್ಳಲಾಗುವುದಿಲ್ಲ.

ಬೇರೇನೂ ಬೇಡ. ಅಡಾಪ್ಟರ್ ಕೈ ಇಡಲಾಗದಷ್ಟು ಬಿಸಿಯಾಗುತ್ತಿದೆಯೇ, ಇಲ್ಲವೇ, ಅಷ್ಟು ಒಂದು ಸಾಲು ಬರೆ.

ಅಣ್ಣ


ಜೂನ್ 17

ಭಾವನವರಿಗೆ ನಮಸ್ಕಾರ.

ದಪ್ಪ ಮಾರ್ಕರಿನಲ್ಲಿ ಬರೆಯುತ್ತಿದ್ದೇನೆ, ಸಾಲಿನ ಅಡಿಯಲ್ಲಿ ಸ್ಕೇಲ್ ಇಟ್ಟುಕೊಂಡಿದ್ದೇನೆ. ಸಾಲು ಸಾಲಿನ ಮೇಲೆ ಹತ್ತಿದ್ದರೆ ಕ್ಷಮಿಸಿ. ಒಂದು ಪುಟಕ್ಕೆ ಆರೇ ಸಾಲು ಹಿಡಿಯುತ್ತದೆ, ಹಾಗಾಗಿ ಕಾಗದದ ಕಟ್ಟು ದಪ್ಪವಿದೆ.

ಅಡಾಪ್ಟರ್ ಬಿಸಿಯಾಗುತ್ತಿಲ್ಲ, ಬೆಚ್ಚಗಿದೆ ಅಷ್ಟೇ. ನಿಮ್ಮ ತಂಗಿ ಬರೆಯುವುದಿಲ್ಲವೆಂದಲ್ಲ. ಮೂರು ಸಲ ಕೂತಳು, ಮೂರು ಸಲವೂ ಹರಿದಳು. ಹರಿಯುವ ಸದ್ದು ನನಗೆ ಕೇಳುತ್ತದೆ.

ನಿಮ್ಮ ಏಪ್ರಿಲ್ ಕಾಗದ ಬಂದ ದಿನ ಅವಳು ಅಡುಗೆಮನೆಯ ನೆಲದ ಮೇಲೆ ಕೂತುಬಿಟ್ಟಳು. ಏನು ಎಂದು ಕೇಳಿದೆ. ಓದಿ ಹೇಳಿದಳು, ಪೂರ್ತಿ, ಕತ್ತರಿಯ ಗುರುತಿನಿಂದ ಹಿಡಿದು ಕಾಲುಚೀಲದವರೆಗೆ. ಆಮೇಲೆ ಆ ದೀಪದ ಸಾಮಾನನ್ನೆಲ್ಲ ಮಂಚದ ಕೆಳಗೆ ತಳ್ಳಿಟ್ಟಳು. ಹತ್ತಿರ ಹತ್ತಿರ ಎರಡು ತಿಂಗಳು ಅದು ಅಲ್ಲೇ ಇತ್ತು. ಹೋದ ಭಾನುವಾರ ರಜೆಯಿತ್ತು. ಬೆಳಿಗ್ಗೆ ಏಳಕ್ಕೇ ತೆಗೆದಳು. ಗಡಿಯಾರ, ಡಬ್ಬಿ ಎಲ್ಲ ಇಳಿಸಿದಳು. ಸಂಜೆಯವರೆಗೂ ಡ್ರಿಲ್ಲಿನ ಸದ್ದು. ಪಟ್ಟಿ ಐದೂ ಸರಿಯಾಗಿ ಕೂತವು. ವೈರು ಮಾತ್ರ ಕ್ಲಿಪ್ಪಿನಲ್ಲಿ ಕಚ್ಚಿಸಿದ್ದಳು. ಹಾಕಿದರೆ ಎರಡು ಹಲಗೆ ಉರಿಯುತ್ತದೆ, ಮೂರು ಮಿಣುಕುತ್ತದೆ. ಅದನ್ನು ಒತ್ತಿದರೆ ಇದು ಹೋಗುತ್ತದೆ. ಏಣಿಯ ಮೇಲೆ ಕೂತು ಅಳುವುದಕ್ಕೆ ಶುರು ಮಾಡಿದಳು. ಇಪ್ಪತ್ತೆಂಟು ವರ್ಷದಲ್ಲಿ ಅವಳು ಅತ್ತದ್ದು ನಾನು ಎರಡು ಸಲ ಕೇಳಿದ್ದೇನೆ.

ನಾನು ಬೆಸುಗೆಯ ಕಡ್ಡಿ ಕಾಯಿಸಿಟ್ಟು, ತುಂಡುಗಳನ್ನು ತೆಗೆದುಕೊಡು ಎಂದೆ. "ನಿಮ್ಗೆ ಕಾಣಲ್ಲ" ಅಂದಳು. ಮನೆಯಲ್ಲಿ ಆ ಮಾತು ಯಾರಾದರೂ ಬಾಯಿಬಿಟ್ಟು ಹೇಳಿದ್ದು ಅದೇ ಮೊದಲು. "ಕಾಣಲ್ಲ, ಕೊಡು" ಅಂದೆ.

ಭಾವನವರೇ, ನೇರ ನೋಡಿದರೆ ಮಚ್ಚೆ. ತಲೆಯನ್ನು ಎಡಕ್ಕೆ ತಿರುಗಿಸಿ ಬೇರೆಲ್ಲೋ ನೋಡುವವನ ಹಾಗೆ ಕೂತರೆ, ಕಣ್ಣಿನ ಮೂಲೆಯಲ್ಲಿ ಕೆಲಸ ಅಷ್ಟಿಷ್ಟು ಕಾಣುತ್ತದೆ. ಉಳಿದದ್ದು ಕೈಗೆ ಗೊತ್ತು. ಬಿಲ್ಲೆಯನ್ನು ಉಗುರಿನಿಂದ ಹುಡುಕುವುದು, ವೈರನ್ನು ಕೂರಿಸುವುದು, ಕಡ್ಡಿ ಮುಟ್ಟಿಸುವುದು. ಸೀಸ ಕರಗಿದಾಗ ಬೆರಳಿನ ಕೆಳಗೆ ಸಣ್ಣಗೆ ಜಾರುತ್ತದೆ, ಆಗ ತೆಗೆಯಬೇಕು. ಕೆಂಪು ಯಾವುದು, ಕಪ್ಪು ಯಾವುದು ಎಂದು ಅವಳು ಹೇಳಿದಳು. ಹಲಗೆಗೆ ಎರಡರಂತೆ ಹತ್ತು ಬೆಸುಗೆ. ಎರಡು ಗಂಟೆ ಹಿಡಿಯಿತು. ಮೊದಲಾಗಿದ್ದರೆ ಇಪ್ಪತ್ತು ನಿಮಿಷದ ಕೆಲಸ. ಎರಡು ಬೆರಳು ಸುಟ್ಟುಕೊಂಡೆ.

ಏಳನೆಯದೋ ಎಂಟನೆಯದೋ ಮಾಡುತ್ತಿದ್ದಾಗ, ಅವಳ ಮುಖ ನನಗೆ ಹೇಗೂ ಕಾಣುವುದಿಲ್ಲ ಎಂಬ ಧೈರ್ಯದಲ್ಲಿ ಹೇಳಿಬಿಟ್ಟೆ. "ಗಡಿಯಾರ ಹೊತ್ಕೊಂಡು ಹೋಗೋದು ಇನ್ನು ಸಾಕು."

ಅವಳು ಮುಂದಿನ ತುಂಡನ್ನು ನನ್ನ ಕೈಗಿಟ್ಟಳು. ಆಮೇಲೆ, "ಯಾವಾಗಿಂದ ಗೊತ್ತು" ಅಂದಳು.

"ಮೊದಲನೇದ್ರಿಂದ. ಹಿಂದಿನ ಮುಚ್ಚಳದ ಬಿಗಿ ನಂದಲ್ಲ. ಪಕ್ಕದ ಬೀದಿಯವಳು ಸ್ಕ್ರೂನ ಕಾಲು ಸುತ್ತು ಜಾಸ್ತಿ ತಿರುಗಿಸ್ತಾಳೆ. ಕಲಿಸುವಾಗ್ಲೇ ಎಷ್ಟು ಬೈದ್ರೂ ಬಿಟ್ಟಿರ್ಲಿಲ್ಲ."

ಗೊತ್ತಿದ್ದೂ ಯಾಕೆ ಸುಮ್ಮನಿದ್ದಿರಿ ಎಂದು ಕೇಳಿದಳು. ಆ ಗಡಿಯಾರಗಳು ಕಪಾಟಿಗೆ ವಾಪಸ್ ಬರುತ್ತಿರುವವರೆಗೆ ನಾನು ಗಡಿಯಾರ ರಿಪೇರಿಯವನೇ ಆಗಿದ್ದೆ, ಅದಕ್ಕೆ ಎಂದೆ. ಅವಳು ಎಷ್ಟು ದಣಿದಿದ್ದಾಳೆ ಎಂಬುದು ನನಗೆ ತಿಳಿಯದೇ ಇರಲಿಲ್ಲ. ಬಾಗಿಲಲ್ಲಿ ಚಪ್ಪಲಿ ಬಿಡುವ ಸದ್ದಿನಲ್ಲೇ ತಿಳಿಯುತ್ತಿತ್ತು. ಆದರೂ ಹೊರಲು ಬಿಟ್ಟೆ. ಕಣ್ಣು ಹೋದದ್ದಕ್ಕಿಂತ ಇದಕ್ಕೆ ನನಗೆ ಹೆಚ್ಚು ನಾಚಿಕೆ. ನಿಮ್ಮ ಕಾಲುಚೀಲದ ಕಥೆ ಕೇಳಿದ್ದಕ್ಕೇ ನನಗೆ ಬಾಯಿ ಬಂತು. ಅದನ್ನು ತಿಳಿಸಲು ಇಷ್ಟು ಬರೆದೆ.

ಅವಳಿಗೆ ಇನ್ನೂ ಸ್ವಲ್ಪ ದಿನ ಬೇಕು. ಬಿಡಿ, ಬರೆಯುತ್ತಾಳೆ.

ನಿಮ್ಮ ಭಾವ


ಜುಲೈ 6

ಅಣ್ಣಾ,

ಇವರು ಬರೆದದ್ದು ಆಮೇಲೆ ಗೊತ್ತಾಯಿತು. ಅಂಚೆಗೆ ಹಾಕಲು ಅಕ್ಕಪಕ್ಕದವರನ್ನು ಯಾರನ್ನೂ ಕೇಳದೆ ತಾವೇ ಗೋಡೆ ಹಿಡಿದುಕೊಂಡು ಬೀದಿ ಕೊನೆಯ ಡಬ್ಬದವರೆಗೆ ಹೋಗಿದ್ದರಂತೆ.

ಆ ಕಾಲುಚೀಲ ನನಗೆ ನೆನಪಿದೆ. ಬೂದು ಬಣ್ಣದ್ದು. ಸುಡುಬೇಸಿಗೆಯಲ್ಲಿ ಯಾಕಮ್ಮಾ ಎಂದು ಕೇಳಿದ್ದೆ. "ಚಳಿ ಕಣೇ" ಅಂದಳು. ನಾನು ನರ್ಸು. ಬೇಸಿಗೆಯಲ್ಲಿ ಕಾಲುಚೀಲ ಹಾಕಿದ ಮುದುಕಿಯನ್ನು ವಾರ್ಡಿನಲ್ಲಿ ನೋಡಿದ್ದರೆ ಮೊದಲು ಅದನ್ನೇ ತೆಗೆಸುತ್ತಿದ್ದೆ. ಅಮ್ಮನ ಕಾಲು ಮುಟ್ಟಲಿಲ್ಲ. ಅವತ್ತು ಹನ್ನೆರಡು ಗಂಟೆ ಕೆಲಸ ಮಾಡಿ ಬಂದಿದ್ದೆ. ಚಳಿ ಎಂದರೆ ಚಳಿ, ನಂಬುವುದೇ ನನಗೆ ಅನುಕೂಲವಾಗಿತ್ತು. ಈ ಮೂರು ತಿಂಗಳು ನಿನ್ನ ಮೇಲಿನ ಸಿಟ್ಟಿಗೆ ಬರೆಯಲಿಲ್ಲವೆಂದು ತಿಳಿಯಬೇಡ. ಐದು ವರ್ಷ ನಿನ್ನ ತಲೆಗೆ ಕಟ್ಟಿದ್ದನ್ನು ಬಿಚ್ಚಿ ಎಲ್ಲಿಡಬೇಕೆಂದು ತಿಳಿಯಲಿಲ್ಲ. ಅಮ್ಮನ ಮೇಲೆ ಇಡಲು ಆಗುವುದಿಲ್ಲ. ನನ್ನ ಮೇಲೆ ಪೂರ್ತಿ ಇಟ್ಟುಕೊಳ್ಳಲು ಶಕ್ತಿಯಿಲ್ಲ.

ದೀಪದ ಸಮಾಚಾರ ಹೇಳುತ್ತೇನೆ. ಐದೂ ಹಲಗೆ ಚೆನ್ನಾಗಿ ಉರಿಯುತ್ತಿವೆ, ಮಿಣುಕುವುದಿಲ್ಲ. ಎರಡು ವಾರ ಇವರು ಡಬ್ಬಿಗಳನ್ನು ತಾವೇ ತೆಗೆದು ತಾವೇ ಇಟ್ಟರು. ಕೆಲಸಕ್ಕೂ ಕೂತರು. ಒಂದು ಗೋಡೆ ಗಡಿಯಾರಕ್ಕೆ ಬ್ಯಾಟರಿ ಹಿಡಿದುಕೊಳ್ಳುವ ತಗಡು ಬದಲಾಯಿಸಿದರು. ಅದಾಯಿತು. ಕೈಗಡಿಯಾರ ಆಗಲಿಲ್ಲ. ಹಲಗೆಗೆ ಬೆಳಕು ಕೊಡಬಹುದು, ಅಷ್ಟೇ. ನಾನು ಅದಕ್ಕಿಂತ ಹೆಚ್ಚಿನ ಆಸೆ ಇಟ್ಟುಕೊಂಡಿದ್ದೆ.

ಹೋದ ಶನಿವಾರ ಪಕ್ಕದ ಬೀದಿಯವಳನ್ನು ಇವರೇ ಕರೆಸಿದರು. ಅವಳು ಬಟ್ಟೆ ಹಾಸಿದ ಪೆಟ್ಟಿಗೆ ತಂದಿದ್ದಳು. ಒಂದೊಂದೇ ಗಡಿಯಾರ ತೆಗೆದು, ಇದು ಯಾರದ್ದು, ಇದಕ್ಕೆ ಏನಾಗಿದೆ, ಇದರ ಯಜಮಾನ ಜೋರು ಮನುಷ್ಯ, ಇದನ್ನು ಮೊದಲು ಮಾಡು ಎಂದು ಹೇಳುತ್ತಾ ಕೊಟ್ಟರು. ಚೀಟಿ ನೋಡಲಿಲ್ಲ, ಎಲ್ಲ ತಲೆಯಲ್ಲಿತ್ತು. ಮುಳ್ಳಿನ ಡಬ್ಬಿ, ಸ್ಕ್ರೂ ಡಬ್ಬಿ ಎಲ್ಲ ಹೋದವು. ಕೊನೆಗೆ ಸ್ಕ್ರೂಡ್ರೈವರುಗಳ ಕಟ್ಟು ಕೊಡುವಾಗ, "ಕಾಲು ಸುತ್ತು ಕಮ್ಮಿ ತಿರುಗಿಸು" ಅಂದರು. ಅವಳು "ಆಗ್ಲಿ ಸರ್" ಎಂದು ಮುಖ ಆ ಕಡೆ ಮಾಡಿಕೊಂಡಳು. ಗಿರಾಕಿಗಳ ಹತ್ತಿರ ಮಾತಾಡಲು, ಯಾವ ಗಡಿಯಾರಕ್ಕೆ ಏನಾಗಿದೆ ಎಂದು ಕಿವಿಗಿಟ್ಟು ಹೇಳಲು ಬೆಳಿಗ್ಗೆ ಎರಡು ತಾಸು ಅಂಗಡಿಗೆ ಬನ್ನಿ ಎಂದು ಕರೆದಿದ್ದಾಳೆ. ನೋಡೋಣ ಎಂದಿದ್ದಾರೆ. ಹೋಗುತ್ತಾರೋ ಇಲ್ಲವೋ ಗೊತ್ತಿಲ್ಲ.

ಅವಳು ಹೋದ ಮೇಲೆ ನೋಡಿದರೆ ಬರೀ ಹಲಗೆ. ಐದು ಖಾಲಿ ಹಲಗೆ, ಒಂದು ಚೂರು ನೆರಳಿಲ್ಲದ ಹಾಗೆ ಬೆಳಗುತ್ತಿವೆ. ನನಗೆ ನೋಡಲಾಗಲಿಲ್ಲ. "ಆರಿಸ್ಲಾ" ಎಂದು ಕೇಳಿದೆ.

"ಬೇಡ, ಇರ್ಲಿ" ಅಂದರು. "ಗೋಡೆ ಎಲ್ಲಿದೆ ಅಂತ ಗೊತ್ತಾಗುತ್ತೆ."

ಆಗ ನಾನು ಅಲ್ಲೇ ಗಿರಾಕಿಗಳ ಕುರ್ಚಿಯಲ್ಲಿ ಕೂತೆ. ಯೂನಿಫಾರ್ಮ್ ಬಿಚ್ಚಿರಲಿಲ್ಲ. ಮಧ್ಯಾಹ್ನ ನಾಲ್ಕು ಗಂಟೆಯಿರಬೇಕು. ಹಾಗೇ ನಿದ್ದೆ ಹೋಗಿದ್ದೇನೆ. ಎದ್ದಾಗ ಇವರು ಪಕ್ಕದಲ್ಲಿ ಕೂತಿದ್ದರು, ತಲೆ ಆ ಕಡೆ ತಿರುಗಿತ್ತು. ಮೊದಲು ಬೇರೇನೋ ನೋಡುತ್ತಿದ್ದಾರೆ ಅಂದುಕೊಂಡೆ. ನನ್ನನ್ನೇ ನೋಡುತ್ತಿದ್ದರು.

ಅಣ್ಣಾ, ಬಾ. ಮಂಡಿ ನೋವಿದ್ದರೆ ನಿಧಾನಕ್ಕೆ ಬಾ. ಇಲ್ಲಿ ಏಣಿ ಹತ್ತುವ ಕೆಲಸ ಯಾವುದೂ ಉಳಿದಿಲ್ಲ. ಅಮ್ಮನ ವಿಷಯ ಎತ್ತಲೇಬೇಕೆಂದಿಲ್ಲ. ಜಗಳವಾಡುವುದಕ್ಕೂ, ರಾಜಿಯಾಗುವುದಕ್ಕೂ ನನ್ನಲ್ಲಿ ಈಗ ತ್ರಾಣವಿಲ್ಲ. ಆ ಕುರ್ಚಿಗೆ ಇನ್ನು ಯಾರೂ ಬರುವುದಿಲ್ಲ. ಸುಮ್ಮನೆ ಒಂದಿಷ್ಟು ಹೊತ್ತು ಕೂತು ಹೋಗು.

ತಂಗಿ